ಥರ್ಸೋದ ಸರ್ ಜಾನ್ ಸಿಂಕ್ಲೇರ್: ಪದೇ ಪದೇ ಕೇಳುವ ಪ್ರಶ್ನೆಗಳು

ಯಾರು ಈ ಸಿಂಕ್ಲೇರ್?

ಸ್ಕಾಟ್‌ಲ್ಯಾಂಡಿನ ಮುಖ್ಯಭೂಮಿಯ ಉತ್ತರದ ತುದಿಯಲ್ಲಿ ಕೇತ್‌ನೆಸ್ ಎಂಬ ಕೌಂಟಿ ಇದೆ. ಅಲ್ಲಿನ ಥರ್ಸೋ ಕೋಟೆಮನೆಯಲ್ಲಿ 1754ರ ಮೇ 10ರಂದು ಜಾನ್ ಸಿಂಕ್ಲೇರ್ ಹುಟ್ಟಿದ. ಮನೆತನದ ಹೆಸರು ಅಲ್ಬ್‌ಸ್ಟರ್ ಸಿಂಕ್ಲೇರ್. 1770ರಲ್ಲಿ ಅಪ್ಪ ತೀರಿಕೊಂಡಾಗ ಹದಿನಾರರ ಹುಡುಗನ ಹೆಸರಿಗೆ ದೊಡ್ಡ ಜಮೀನು ಬಂತು. ಎಡಿನ್‌ಬರೋ, ಗ್ಲಾಸ್ಗೋ, ಆಕ್ಸ್‌ಫರ್ಡ್ ಮೂರೂ ಕಡೆ ಓದಿದ. ವಕೀಲಿಕೆಗೆ ಸನ್ನದು ಪಡೆದ, ಆದರೆ ಕರಿಕೋಟು ತೊಟ್ಟು ವಾದ ಮಾಡಲಿಲ್ಲ. 1780ರಲ್ಲಿ ಪಾರ್ಲಿಮೆಂಟ್ ಸೇರಿ, ನಡುನಡುವೆ ಬಿಡುವಾಗಿ, 1811ರವರೆಗೆ ಸದಸ್ಯನಾಗಿದ್ದ. 1786ರಲ್ಲಿ ಬ್ಯಾರೊನೆಟ್ ಎಂಬ ವಂಶಪಾರಂಪರ್ಯದ ಪದವಿ ಸಿಕ್ಕಿತು. 1835ರ ಡಿಸೆಂಬರ್ 21ರಂದು ಎಡಿನ್‌ಬರೋದಲ್ಲಿ ತೀರಿಕೊಂಡ; ಸಮಾಧಿ ಹೋಲಿರೂಡ್‌ನಲ್ಲಿದೆ.

ಜನ ಅವನನ್ನು ಕರೆಯುತ್ತಿದ್ದುದು 'ಅಗ್ರಿಕಲ್ಚರಲ್ ಸರ್ ಜಾನ್' ಎಂದು. ಅದರಲ್ಲಿ ಮೆಚ್ಚುಗೆಯೂ ಇತ್ತು, ಸ್ವಲ್ಪ ಗೇಲಿಯೂ ಇತ್ತು.

ಸಿಂಕ್ಲೇರ್ ಅನ್ನುವವರು ಬಹಳ ಜನ ಸಿಗುತ್ತಾರೆ. ಗೊಂದಲ ಆಗದಂತೆ ಹೇಗೆ ಗುರುತಿಸುವುದು?

ಕೇತ್‌ನೆಸ್‌ನಲ್ಲಿ ಕಲ್ಲೆಸೆದರೆ ಒಬ್ಬ ಸಿಂಕ್ಲೇರ್‌ಗೆ ತಾಗುತ್ತದೆ. 'ಅರ್ಲ್ ಆಫ್ ಕೇತ್‌ನೆಸ್' ಎಂದು ಕಂಡರೆ ಅದು ಬೇರೆ ಶಾಖೆ. 'ಆಫ್ ಅಲ್ಬ್‌ಸ್ಟರ್' ಎಂದಿದ್ದರೆ ಇದೇ ಮನೆ. ಇವನ ಜೀವನಚರಿತ್ರೆ ಬರೆದ ಪಾದ್ರಿ ಮಗನ ಹೆಸರೂ ಜಾನ್. ಮಗಳು ಕ್ಯಾಥರೀನ್ ಮಕ್ಕಳ ಕಾದಂಬರಿಗಳಿಂದ ಹೆಸರಾದಳು. ಎರಡನೇ ಮಹಾಯುದ್ಧದಲ್ಲಿ ಬ್ರಿಟನ್ನಿನ ವಾಯುಪಡೆಯ ಮಂತ್ರಿಯಾಗಿದ್ದ ಆರ್ಚಿಬಾಲ್ಡ್ ಸಿಂಕ್ಲೇರ್ ಇವನಿಂದ ಐದನೇ ತಲೆಯವನು.

ಆಸ್ತಿ ಕೈಗೆ ಬಂದಾಗ ಅಲ್ಲಿನ ಬೇಸಾಯ ಹೇಗಿತ್ತು?

ಇದನ್ನು ಸರಿಯಾಗಿ ತಿಳಿಯದಿದ್ದರೆ ಮುಂದಿನ ಯಾವ ಉತ್ತರವೂ ಅರ್ಥವಾಗುವುದಿಲ್ಲ. ಆದ್ದರಿಂದ ಸ್ವಲ್ಪ ವಿವರವಾಗಿ.

ಊರಿನ ಹೊಲ ಎರಡು ಭಾಗ. ಮನೆಗಳ ಹತ್ತಿರದ್ದು ಒಳಹೊಲ, ಆಚೆಯದು ಹೊರಹೊಲ. ಕೊಟ್ಟಿಗೆ ಗೊಬ್ಬರ, ಕಡಲಪಾಚಿ ಎಲ್ಲವೂ ಒಳಹೊಲಕ್ಕೇ. ಅಲ್ಲಿ ವರ್ಷ ಬಿಡದೆ ಬೇರ್ ಎಂಬ ಒರಟು ಬಾರ್ಲಿ, ಅದರ ಬೆನ್ನಿಗೆ ಓಟ್ಸ್, ಮತ್ತೆ ಬೇರ್. ಹೊರಹೊಲಕ್ಕೆ ಗೊಬ್ಬರವೇ ಇಲ್ಲ. ಬಿತ್ತಿದ ಬೀಜದಷ್ಟೂ ಹಿಂದಕ್ಕೆ ಬಾರದ ಹಂತದವರೆಗೆ ಓಟ್ಸ್ ಬೆಳೆದು, ಆಮೇಲೆ ಹಲವು ವರ್ಷ ಬೀಳು ಬಿಡುವುದು. ಬೀಳಿನಲ್ಲಿ ಹುಲ್ಲಿನ ಬೀಜ ಹಾಕುತ್ತಿರಲಿಲ್ಲ, ಕಳೆ ಬಂದಿದ್ದೇ ಮೇವು.

ಒಬ್ಬ ಒಕ್ಕಲಿನ ಜಮೀನು ಒಂದೇ ಕಡೆ ಇರುತ್ತಿರಲಿಲ್ಲ. ಉದ್ದುದ್ದ ಪಟ್ಟಿಗಳಾಗಿ ಸೀಳಿ, ಒಳ್ಳೆಯ ಮಣ್ಣು ಕೆಟ್ಟ ಮಣ್ಣು ಎಲ್ಲರಿಗೂ ಬರುವಂತೆ ಹಂಚಿಕೊಳ್ಳುತ್ತಿದ್ದರು. ಹಂಚಿಕೆಯ ನ್ಯಾಯವೇನೋ ಸರಿಯೇ. ಆದರೆ ಪಟ್ಟಿಗಳ ನಡುವೆ ಬೇಲಿ ಇಲ್ಲ. ಕೊಯ್ಲಾದ ಮೇಲೆ ಊರ ದನವೆಲ್ಲ ಎಲ್ಲರ ಹೊಲದಲ್ಲೂ ಮೇಯುತ್ತದೆ. ಹಾಗಿರುವಾಗ ಚಳಿಗಾಲದಲ್ಲಿ ಹೊಲದಲ್ಲೇ ನಿಲ್ಲಬೇಕಾದ ಟರ್ನಿಪ್ ಗಡ್ಡೆಯನ್ನು ಯಾರು ಬೆಳೆದಾರು? ಬೆಳೆದರೆ ಪಕ್ಕದವನ ದನಕ್ಕೆ ಹಬ್ಬ. ಮೇವಿಲ್ಲದ್ದರಿಂದ ದನ ಬಡಕಲು, ದನ ಬಡಕಲಾದ್ದರಿಂದ ಗೊಬ್ಬರ ಕಡಿಮೆ, ಗೊಬ್ಬರ ಕಡಿಮೆಯಾದ್ದರಿಂದ ಬೆಳೆ ಸೊರಗು. ವಸಂತ ಬರುವ ಹೊತ್ತಿಗೆ ತಾವಾಗಿ ಏಳಲಾರದ ಹಸುಗಳನ್ನು ಜನ ಕೈಕೊಟ್ಟು ಎಬ್ಬಿಸಿ ಮೇಯಲು ಬಿಡುತ್ತಿದ್ದುದು ಆ ಕಾಲದ ಸ್ಕಾಟ್‌ಲ್ಯಾಂಡಿನಲ್ಲಿ ಸಾಮಾನ್ಯ ನೋಟ.

ಇದರ ಮೇಲೆ ಬಿಟ್ಟಿ ಚಾಕರಿ. ಗೇಣಿ ಹಣ, ಧಾನ್ಯ ಕೊಟ್ಟ ಮೇಲೂ ಜಮೀನ್ದಾರನ ಹೊಲ ಉಳಬೇಕು, ಕೊಯ್ಯಬೇಕು, ಉರುವಲಿಗೆ ಪೀಟ್ ಎಂಬ ಜೌಗುನೆಲದ ಸಸ್ಯಮಣ್ಣನ್ನು ಕಡಿದು ತರಬೇಕು. ಹವೆ ಚೆನ್ನಾಗಿರುವ ನಾಲ್ಕು ದಿನ ಒಡೆಯನ ಹೊಲದಲ್ಲಿ ಕಳೆದರೆ ಒಕ್ಕಲಿನ ಪೈರು ಮಳೆಗೆ ಸಿಕ್ಕುತ್ತಿತ್ತು. ಈ ಚಾಕರಿಯನ್ನು ಹಣಕ್ಕೆ ಬದಲಾಯಿಸಿದ್ದು ಸಿಂಕ್ಲೇರ್ ಮಾಡಿದ ಮೊದಮೊದಲ ಕೆಲಸಗಳಲ್ಲಿ ಒಂದು. ನಮ್ಮ ಲೆಕ್ಕದಲ್ಲಿ ಅವನ ಅತ್ಯಂತ ಒಳ್ಳೆಯ ಕೆಲಸವೂ ಅದೇ ಇರಬಹುದು, ಅದರ ಬಗ್ಗೆ ಬರೆಯುವವರು ಕಡಿಮೆ.

ಒಂದೇ ದಿನದಲ್ಲಿ ರಸ್ತೆ ಮಾಡಿಸಿದ ಎನ್ನುತ್ತಾರೆ. ನಿಜವೇ?

ಮಗ ಬರೆದ ಚರಿತ್ರೆಯಲ್ಲಿ ಬರುವ ಪ್ರಸಂಗ. 1772, ಆತನಿಗೆ ಹದಿನೆಂಟು. ಬೆನ್ ಚೀಲ್ಟ್ ಗುಡ್ಡದ ಮೇಲೆ ದಾರಿ ಆಗುವುದೇ ಇಲ್ಲ ಎಂದು ಊರಿನ ಹಿರಿಯರು ಕೈಚೆಲ್ಲಿದ್ದರು. ಕಾನೂನಿನ ಪ್ರಕಾರ ಪ್ರತಿ ಒಕ್ಕಲೂ ವರ್ಷಕ್ಕೆ ಕೆಲವು ದಿನ ರಸ್ತೆ ಕೆಲಸ ಮಾಡಬೇಕಿತ್ತು. ಎಲ್ಲೆಡೆ ಅದು ಕಾಟಾಚಾರಕ್ಕೆ ನಡೆಯುತ್ತಿತ್ತು. ಸಿಂಕ್ಲೇರ್ ಮೊದಲು ತಾನೇ ಗುಡ್ಡ ಹತ್ತಿ ದಾರಿಯ ಗೆರೆ ಗುರುತು ಮಾಡಿದ. ಗೆರೆಯನ್ನು ತುಂಡುತುಂಡಾಗಿ ಹಂಚಿ, ಪ್ರತಿ ತುಂಡಿನ ಪಕ್ಕ ಹಾರೆ, ಗುದ್ದಲಿ, ಊಟ ಮುಂಚೆಯೇ ಇಡಿಸಿದ. ನಿಗದಿಯಾದ ಬೆಳಗ್ಗೆ 1,260 ಆಳು ಒಟ್ಟಿಗೆ ಶುರು ಮಾಡಿದರು. ಬೆಳಗ್ಗೆ ಕುದುರೆಯನ್ನು ಕೈಹಿಡಿದು ನಡೆಸಲೂ ಕಷ್ಟವಾಗಿದ್ದ ಕಾಲುದಾರಿಯಲ್ಲಿ ಸಂಜೆಗೆ ಗಾಡಿ ಓಡಾಡಿತು, ಉದ್ದ ಸುಮಾರು ಆರು ಮೈಲಿ.

ಒಂದು ದಿನದ ಮಣ್ಣು ಕೆಲಸ ಎಷ್ಟು ಮಳೆಗಾಲ ತಡೆದೀತು ಎಂದು ಕೇಳುವವರು ಸರಿಯಾಗಿಯೇ ಕೇಳುತ್ತಾರೆ. ಆದರೆ ಅವನ ಕೆಲಸದ ವರಸೆ ಇಲ್ಲಿಯೇ ಪೂರ್ತಿ ಕಾಣುತ್ತದೆ: ಮೊದಲು ಅಳತೆ, ಆಮೇಲೆ ಹಂಚಿಕೆ, ಆಮೇಲೆ ಎಲ್ಲರನ್ನೂ ಒಂದೇ ಸಲ ಹಚ್ಚುವುದು. ಮುಂದೆ ಸ್ಕಾಟ್‌ಲ್ಯಾಂಡಿನ ಊರೂರಿನ ವಿವರಕ್ಕಾಗಿ 900ಕ್ಕೂ ಹೆಚ್ಚು ಪಾದ್ರಿಗಳಿಂದ ಉತ್ತರ ಬರೆಸಿದ್ದೂ ಇದೇ ವರಸೆಯಲ್ಲಿ.

ಜಮೀನಿನ ಸುಧಾರಣೆಯನ್ನು ಯಾವ ಕ್ರಮದಲ್ಲಿ ಮಾಡುತ್ತಿದ್ದರು?

ಕ್ರಮ ತಪ್ಪಿದರೆ ಹಣ ನೀರಿಗೆ ಹೋಯಿತೆಂದೇ ಲೆಕ್ಕ. ಮೊದಲು ಸರ್ವೆಯವನಿಂದ ಅಳತೆ, ನಕ್ಷೆ. ನಕ್ಷೆಯ ಮೇಲೆ ಪಟ್ಟಿಗಳನ್ನು ಕೂಡಿಸಿ ಒಬ್ಬೊಬ್ಬರಿಗೆ ಒಂದೇ ಕಡೆ ಜಮೀನು. ಆಮೇಲೆ ಗಡಿ: ಕೇತ್‌ನೆಸ್‌ನಲ್ಲಿ ಮರವಿಲ್ಲ, ಗಾಳಿ ವಿಪರೀತ, ಆದ್ದರಿಂದ ಗಾರೆಯಿಲ್ಲದ ಕಲ್ಲುಗೋಡೆ, ಇಲ್ಲವೇ ಅಲ್ಲಿನ ಚಪ್ಪಡಿಗಲ್ಲುಗಳನ್ನು ಒಂದರ ಪಕ್ಕ ಒಂದು ನಿಲ್ಲಿಸಿ ನೆಟ್ಟ ಬೇಲಿ. ಆ ಚಪ್ಪಡಿ ಬೇಲಿಗಳನ್ನು ಕೇತ್‌ನೆಸ್‌ನಲ್ಲಿ ಈಗಲೂ ನೋಡಬಹುದು. ಮೂರನೆಯದು ಬಸಿಗಾಲುವೆ. ನೀರು ಬಸಿದ ಮೇಲೆಯೇ ಸುಣ್ಣ, ಅಥವಾ ಕೆರೆತಳದ ಸುಣ್ಣಮಣ್ಣು, ಕಡಲತಡಿಯ ಚಿಪ್ಪುಮರಳು. ಅದಾದ ಮೇಲೆ ಟರ್ನಿಪ್, ನಂತರ ಹುಲ್ಲುಬೀಜ.

ಜೌಗು ನೆಲಕ್ಕೆ ಸುಣ್ಣ ಹಾಕಿದವರು ಫಲ ಕಾಣಲಿಲ್ಲ, ನೀರು ನಿಂತ ಹುಳಿಮಣ್ಣಿನಲ್ಲಿ ಸುಣ್ಣ ಕೆಲಸ ಮಾಡುವುದಿಲ್ಲ. ಇದಕ್ಕಿಂತ ದೊಡ್ಡ ತಪ್ಪು ಇನ್ನೊಂದಿತ್ತು. ಸುಣ್ಣ ಹಾಕಿದ ಮೊದಲ ವರ್ಷ ಓಟ್ಸ್ ಭರ್ಜರಿಯಾಗಿ ಬರುತ್ತದೆ; ಆಸೆಗೆ ಬಿದ್ದು ನಾಲ್ಕೈದು ವರ್ಷ ಓಟ್ಸನ್ನೇ ಬೆಳೆದವರ ನೆಲ ಮೊದಲಿಗಿಂತ ಬಡವಾಯಿತು. ಸುಣ್ಣ ಗೊಬ್ಬರವಲ್ಲ. ಮಣ್ಣಿನಲ್ಲಿ ಕಟ್ಟಿಕೊಂಡಿದ್ದ ಸಾರವನ್ನು ಅದು ಬಿಡಿಸಿಕೊಡುತ್ತದೆ, ಖರ್ಚಾದದ್ದನ್ನು ತುಂಬಿಕೊಡುವುದಿಲ್ಲ. ಬೆಳೆ ಸರದಿಯನ್ನು ಗೇಣಿ ಕರಾರಿನಲ್ಲೇ ಬರೆಸುವ ಪದ್ಧತಿ ಬೆಳೆಯಲು ಇದೂ ಒಂದು ಕಾರಣ. ಸ್ಕಾಟ್‌ಲ್ಯಾಂಡಿನಲ್ಲಿ ಸುಧಾರಿತ ಜಮೀನಿನ ಗೇಣಿ ಸಾಮಾನ್ಯವಾಗಿ 19 ವರ್ಷದ್ದು: ಗೋಡೆಗೂ ಸುಣ್ಣಕ್ಕೂ ಹಾಕಿದ ಹಣ ಹಿಂದಕ್ಕೆ ಬರಲು ಅಷ್ಟು ಕಾಲ ಬೇಕು.

ಟರ್ನಿಪ್‌ಗೆ ಏಕೆ ಅಷ್ಟು ಮಹತ್ವ? ಹೇಗೆ ಬೆಳೆಯುತ್ತಿದ್ದರು?

ಅದು ಚಳಿಗಾಲದ ಮೇವು. ಜೊತೆಗೆ ಸಾಲಿನ ಬೆಳೆಯಾದ್ದರಿಂದ ಬೇಸಿಗೆಯಿಡೀ ಕಳೆ ತೆಗೆಯಬಹುದು. ಬೀಳು ಬಿಡುವ ವರ್ಷ ಉಳಿಯಿತು, ಮೇವೂ ಸಿಕ್ಕಿತು. ದಕ್ಷಿಣ ಇಂಗ್ಲೆಂಡಿನ ಸರದಿಯಲ್ಲಿ ಟರ್ನಿಪ್, ಬಾರ್ಲಿ, ಕ್ಲೋವರ್ ಎಂಬ ಮೇವಿನ ಸೊಪ್ಪು, ಗೋಧಿ. ಕೇತ್‌ನೆಸ್‌ನಂಥ ಚಳಿ ನೆಲದಲ್ಲಿ ಗೋಧಿ ನೆಚ್ಚಿಕೊಳ್ಳುವ ಬೆಳೆಯಲ್ಲ. ಅಲ್ಲಿ ಟರ್ನಿಪ್, ಹುಲ್ಲುಬೀಜದ ಜೊತೆ ಬೇರ್ ಬಾರ್ಲಿ, ಒಂದೆರಡು ವರ್ಷ ಹುಲ್ಲು, ಆಮೇಲೆ ಓಟ್ಸ್.

ಮಾಡುವ ಬಗೆ ಹೀಗೆ. ನೆಲವನ್ನು ಮಾಗಿಯಲ್ಲಿ ಒಮ್ಮೆ, ವಸಂತದಲ್ಲಿ ಎರಡು ಮೂರು ಸಲ ಉತ್ತು ಪುಡಿ ಮಾಡಬೇಕು. 27 ಇಂಚು ಅಂತರದಲ್ಲಿ ಏರು (ಮಣ್ಣಿನ ದಿಂಡು) ಎಳೆದು, ಏರುಗಳ ನಡುವಿನ ತಗ್ಗಿಗೆ ಕಳಿತ ಕೊಟ್ಟಿಗೆ ಗೊಬ್ಬರ ಹಾಕಿ, ನೇಗಿಲಿನಿಂದ ಏರನ್ನು ಸೀಳಿ ಗೊಬ್ಬರದ ಮೇಲೆ ಮಣ್ಣು ಮುಚ್ಚಬೇಕು. ಈಗ ಗೊಬ್ಬರ ಹೊಸ ಏರಿನ ಹೊಟ್ಟೆಯಲ್ಲಿರುತ್ತದೆ. ಏರಿನ ನೆತ್ತಿಯ ಮೇಲೆ ಹಗುರ ರೋಲರ್ ಓಡಿಸಿ, ಕೈಬಿತ್ತನೆ ಯಂತ್ರದಿಂದ ಎಕರೆಗೆ ಒಂದರಿಂದ ಒಂದೂವರೆ ಕಿಲೋ ಬೀಜ. ಗಿಡಕ್ಕೆ ಒರಟು ಎಲೆ ಬಂದು ಎರಡಿಂಚಾದಾಗ ಅಡ್ಡಗುದ್ದಲಿಯಿಂದ ಒಂಬತ್ತು ಹತ್ತು ಇಂಚಿಗೊಂದು ಬಿಟ್ಟು ಉಳಿದದ್ದನ್ನು ಕೀಳಬೇಕು. ಈ ಕೈ ಕಲಿಯದ ಆಳುಗಳು ಗಿಡ ಕೀಳಲು ಮನಸ್ಸಿಲ್ಲದೆ ದಟ್ಟವಾಗಿ ಬಿಟ್ಟು ಬೆರಳು ಗಾತ್ರದ ಗಡ್ಡೆ ತೆಗೆಯುತ್ತಿದ್ದರು.

ಸಾಮಾನ್ಯ ಟರ್ನಿಪ್ ಬಿತ್ತನೆ ಮೇ ಕೊನೆಯಿಂದ ಜೂನ್ ನಡುವಿನವರೆಗೆ. ಬೇಗ ಬಿತ್ತಿದರೆ ಗಡ್ಡೆ ಕಟ್ಟದೆ ಹೂ ಬಿಡುತ್ತದೆ, ತಡ ಮಾಡಿದರೆ ಗಡ್ಡೆ ದಪ್ಪವಾಗುವುದಿಲ್ಲ. ಸ್ವೀಡ್ ಜಾತಿಯನ್ನು ಇನ್ನೂ ಮುಂಚೆ ಹಾಕಬೇಕು. ಹಿಮವನ್ನು ತಡೆದು ವಸಂತದವರೆಗೆ ಉಳಿಯುವುದು ಅದೇ. ಒಣಹವೆಯಲ್ಲಿ ಮೊಳಕೆಯ ಎರಡೆಲೆಯನ್ನು ಚಿಗಟದಂತೆ ಹಾರುವ ಪುಟ್ಟ ಜೀರುಂಡೆ ರಾತ್ರೋರಾತ್ರಿ ಮುಗಿಸುತ್ತದೆ. ಆಗ ಮರುಬಿತ್ತನೆಯೇ ಗತಿ. ಇನ್ನೊಂದು ಪೀಡೆ ಬೇರುಗಂಟು: ಬೇರು ಬೆರಳು ಬೆರಳಾಗಿ ಊದಿ ಕೊಳೆಯುತ್ತದೆ. ಹುಳಿ ನೆಲದಲ್ಲಿ, ಅದರಲ್ಲೂ ಒಂದೇ ಹೊಲಕ್ಕೆ ಟರ್ನಿಪ್ ಬೇಗಬೇಗ ಮರಳಿದರೆ ಹೆಚ್ಚು. ಸುಣ್ಣ ಮತ್ತು ಉದ್ದನೆಯ ಸರದಿ, ಇವೆರಡೇ ಮದ್ದು.

ಹುಲ್ಲಿಗೆ ಎಕರೆಗೆ ಸುಮಾರು ನಾಲ್ಕೈದು ಕಿಲೋ ಕೆಂಪು ಕ್ಲೋವರ್, ಜೊತೆಗೆ ರೈಹುಲ್ಲಿನ ಬೀಜ. ಬಾರ್ಲಿ ಮೊಳೆತ ಮೇಲೆ ಎರಚಿ ಹಗುರವಾಗಿ ಹಲುಬೆ ಎಳೆದರೆ ಸಾಕು. ಆಳಕ್ಕೆ ಬಿದ್ದ ಕ್ಲೋವರ್ ಮೇಲೇಳುವುದಿಲ್ಲ.

ಬಸಿಗಾಲುವೆಗೆ ಸಿಂಕ್ಲೇರ್ ಏನು ಮಾಡಿದ?

ಆತ ಕಂಡುಹಿಡಿದದ್ದು ಏನೂ ಇಲ್ಲ. ಗೊತ್ತಿದ್ದವನನ್ನು ಕಂಡುಹಿಡಿದ. ವಾರಿಕ್‌ಶೈರ್‌ನ ರೈತ ಜೋಸೆಫ್ ಎಲ್ಕಿಂಗ್ಟನ್ ಜೌಗು ಒಣಗಿಸುವುದರಲ್ಲಿ ಪಳಗಿದ ಕೈ. ಇಳಿಜಾರಿನಲ್ಲಿ ಒರತೆಗಳು ಹೊರಬರುವ ಗೆರೆಯನ್ನು ಪತ್ತೆ ಮಾಡಿ, ಅದರುದ್ದಕ್ಕೂ ನಾಲ್ಕೈದು ಅಡಿ ಆಳದ ಅಡ್ಡಗಾಲುವೆ ತೋಡಿ, ತಳದಲ್ಲಿ ಬೈರಿಗೆಯಿಂದ ಕೊರೆದರೆ ಒತ್ತಡದಲ್ಲಿದ್ದ ನೀರು ಚಿಮ್ಮಿ ಬಂದು ಕಾಲುವೆ ಹಿಡಿಯುತ್ತಿತ್ತು. ಒಂದೇ ಕಾಲುವೆಗೆ ಹಲವು ಎಕರೆ ಒಣಗಿದ್ದುಂಟು. ಸಿಂಕ್ಲೇರ್ ಹಟ ಹಿಡಿದು 1795ರಲ್ಲಿ ಪಾರ್ಲಿಮೆಂಟಿನಿಂದ ಅವನಿಗೆ 1,000 ಪೌಂಡ್ ಬಹುಮಾನ ಕೊಡಿಸಿದ. ಎಲ್ಕಿಂಗ್ಟನ್‌ಗೆ ವಿದ್ಯೆಯನ್ನು ಬರೆದು ತಿಳಿಸಲು ಬರುತ್ತಿರಲಿಲ್ಲ, ಆರೋಗ್ಯವೂ ಸರಿಯಿರಲಿಲ್ಲ. ಎಡಿನ್‌ಬರೋದ ಸರ್ವೆಯವ ಜಾನ್ ಜಾನ್‌ಸ್ಟನ್‌ನನ್ನು ಅವನ ಹಿಂದೆ ತಿರುಗಲು ಕಳಿಸಿ, 1797ರಲ್ಲಿ ಪುಸ್ತಕ ಬರೆಸಿದರು.

ಸೋತದ್ದು ಎಲ್ಲಿ ಎಂದರೆ ಗಟ್ಟಿ ಜೇಡಿಯಲ್ಲಿ. ಅಲ್ಲಿ ತೊಂದರೆ ಒರತೆಯದ್ದಲ್ಲ, ಬಿದ್ದ ಮಳೆ ಇಂಗದೆ ಮೇಲೆಯೇ ನಿಲ್ಲುವುದು. ಎಷ್ಟು ಕೊರೆದರೂ ಅದು ಬೈರಿಗೆಗೆ ಬಗ್ಗದು. ಅದಕ್ಕೆ ಮದ್ದು ಬಂದದ್ದು ಡೀನ್‌ಸ್ಟನ್‌ನ ಜೇಮ್ಸ್ ಸ್ಮಿತ್‌ನಿಂದ, 1831ರ ಸುಮಾರಿಗೆ: ಹೊಲದ ತುಂಬ ಎರಡೂವರೆ ಅಡಿ ಆಳದ ಕಾಲುವೆಗಳು, ಹತ್ತಿರ ಹತ್ತಿರ, ಒಂದಕ್ಕೊಂದು ಸಮಾನಾಂತರವಾಗಿ.

ಚೆವಿಯಟ್ ಕುರಿಯನ್ನು ಉತ್ತರಕ್ಕೆ ತಂದವನು ಇವನೇ?

ಗಡಿನಾಡಿನ ಗುಡ್ಡಗಳ ಈ ತಳಿಯನ್ನು ಹೊತ್ತುಕೊಂಡು ಮೆರೆಸಿದವನಂತೂ ಇವನೇ. 1791ರಲ್ಲಿ ಎಡಿನ್‌ಬರೋದಲ್ಲಿ ಬ್ರಿಟಿಷ್ ಉಣ್ಣೆ ಸಂಘ ಕಟ್ಟಿ, ಅದೇ ವರ್ಷ ಜುಲೈ 1ರಂದು ಕ್ವೀನ್ಸ್‌ಫೆರಿ ಹತ್ತಿರ ಕುರಿಯ ಉಣ್ಣೆ ಕತ್ತರಿಸುವ ಹಬ್ಬವನ್ನೇ ಮಾಡಿಸಿದ. ಮರುವರ್ಷ 500 ಚೆವಿಯಟ್ ಕುರಿಗಳು ಕೇತ್‌ನೆಸ್‌ನ ಅವನ ಲ್ಯಾಂಗ್‌ವೆಲ್ ಜಮೀನಿಗೆ ಬಂದವು. ಅಷ್ಟು ಉತ್ತರದಲ್ಲಿ ಮೊದಲ ಚಳಿಗೇ ಸಾಯುತ್ತವೆ ಎಂದವರ ಮಾತು ಸುಳ್ಳಾಯಿತು, ಮಂದೆ ಬೆಳೆಯಿತು.

ಖರ್ಚಿನ ಕೆಲಸವೆಂದರೆ ಚಳಿಗಾಲಕ್ಕೆ ಮುಂಚಿನ ಟಾರು ಹಚ್ಚುವಿಕೆ. ಟಾರು ಮತ್ತು ಬೆಣ್ಣೆಯನ್ನು ಬಿಸಿ ಮಾಡಿ ಕಲಸಿ, ಕುರಿಯನ್ನು ಬೆಂಚಿನ ಮೇಲೆ ಮಲಗಿಸಿ, ಉಣ್ಣೆಯನ್ನು ಒಂದೊಂದು ಬೈತಲೆಯಾಗಿ ಬಿಡಿಸುತ್ತಾ ಬೆರಳಿನಿಂದ ಚರ್ಮಕ್ಕೇ ಹಚ್ಚಬೇಕು. ಉಣ್ಣೆಯ ಮೇಲೆ ಬಳಿದರೆ ದಂಡ. ಒಬ್ಬ ಆಳಿಗೆ ದಿನಕ್ಕೆ ಇಪ್ಪತ್ತರ ಆಸುಪಾಸು ಕುರಿ. ಹೇನು, ಕಜ್ಜಿ ಹುಳ ಸಾಯುತ್ತವೆ, ಮಳೆನೀರು ಮೈಗಿಳಿಯುವುದಿಲ್ಲ. ಟಾರು ಹೆಚ್ಚಾದರೆ ಚರ್ಮ ಸುಡುತ್ತದೆ, ಬೆಣ್ಣೆ ಹೆಚ್ಚಾದರೆ ಹುಳ ಸಾಯುವುದಿಲ್ಲ. ಟಾರಿನ ಕಲೆ ಹೋಗದ ಕಾರಣ ಆ ಉಣ್ಣೆಗೆ ಬಿಳಿ ಉಣ್ಣೆಗಿಂತ ಕಡಿಮೆ ಬೆಲೆ.

ಹಾಗಾದರೆ ಜನರನ್ನು ಒಕ್ಕಲೆಬ್ಬಿಸಿದವರಲ್ಲಿ ಇವನೂ ಒಬ್ಬನೇ?

ಹೌದು. ಇದನ್ನು ಸುತ್ತಿ ಬಳಸಿ ಹೇಳುವವರಿದ್ದಾರೆ, ಹಾಗೆ ಹೇಳುವ ಅಗತ್ಯವಿಲ್ಲ.

ಅವನ ಬರಹದಲ್ಲಿ ಯೋಜನೆ ಬೇರೆಯೇ ಇತ್ತು. ಕುರಿ ಬರಲಿ, ಆದರೆ ನಿಧಾನವಾಗಿ ಬರಲಿ; ಸಣ್ಣ ಒಕ್ಕಲುಗಳು ಕೂಡಿ ಒಂದು ಮಂದೆ ಇಟ್ಟುಕೊಳ್ಳಲಿ, ಕುರಿಗಾಹಿಯ ಸಂಬಳವನ್ನು ಹಂಚಿಕೊಳ್ಳಲಿ ಎಂದು ವಾದಿಸಿದ. ನೆಲದಲ್ಲಿ ಆದದ್ದು ಇಷ್ಟು: ಚೆವಿಯಟ್‌ಗೆ ಚಳಿಗಾಲ ಕಳೆಯಲು ಬೇಕಾದದ್ದು ಕಣಿವೆಯ ತಗ್ಗು ಹುಲ್ಲು, ಒಕ್ಕಲುಗಳ ಹೊಲ ಮನೆ ಇದ್ದದ್ದೂ ಅಲ್ಲೇ. ಎರಡಕ್ಕೂ ಜಾಗವಿರಲಿಲ್ಲ. 1792ರಿಂದ ಲ್ಯಾಂಗ್‌ವೆಲ್, ಔಸ್‌ಡೇಲ್ ಕಡೆಯ ಕುಟುಂಬಗಳು ಬ್ಯಾಡ್‌ಬೇ ಎಂಬ ಕಡಲಬಂಡೆಯ ನೆತ್ತಿಗೆ ಬಂದು, ಬಿದ್ದಿದ್ದ ಕಲ್ಲುಗಳಿಂದ ತಾವೇ ಮನೆ ಕಟ್ಟಿಕೊಂಡವು. ಇಳಿಜಾರು ಎಷ್ಟು ಕಡಿದೆಂದರೆ ಗಾಳಿಗೆ ಹಾರಿ ಕಡಲಿಗೆ ಬೀಳದಂತೆ ದನವನ್ನೂ ಕೋಳಿಯನ್ನೂ ಚಿಕ್ಕ ಮಕ್ಕಳನ್ನೂ ಹಗ್ಗದಿಂದ ಕಟ್ಟುತ್ತಿದ್ದರು ಎಂಬ ಮಾತು ಆ ಊರಿನ ನೆನಪಿನಲ್ಲಿ ಉಳಿದಿದೆ. ಉಳುಮೆಯವರು ಹೆರಿಂಗ್ ಮೀನಿನ ದೋಣಿ ಹತ್ತಿದರು. 1911ರಲ್ಲಿ ಕೊನೆಯ ನಿವಾಸಿ ಊರು ಬಿಟ್ಟ. ಅದೇ ವರ್ಷ, ಅಲ್ಲಿಂದ ನ್ಯೂಜಿಲ್ಯಾಂಡಿಗೆ ವಲಸೆ ಹೋದವರ ಮಗನೊಬ್ಬ ಸ್ಮಾರಕ ಕಟ್ಟಿಸಿದ.

ಪಕ್ಕದ ಸದರ್‌ಲ್ಯಾಂಡಿನಲ್ಲಿ ಮುಂದೆ ನಡೆದ, ಮನೆಗಳಿಗೆ ಬೆಂಕಿ ಇಟ್ಟ ಘಟನೆಗಳನ್ನು ಇವನ ತಲೆಗೆ ಕಟ್ಟುವುದು ತಪ್ಪು. ಹಾಗೆಂದು ಆ ಕಡೆ ತೋರಿಸಿ ಈ ಕಡೆಯದನ್ನು ಮುಚ್ಚುವುದೂ ತಪ್ಪು. 1792ರಲ್ಲೇ ರಾಸ್‌ಶೈರ್‌ನ ಜನ ದಂಗೆಯೆದ್ದು ಕುರಿಮಂದೆಗಳನ್ನು ಊರಾಚೆ ಅಟ್ಟಿದ್ದರು. ಕುರಿ ಬಂದರೆ ಏನಾಗುತ್ತದೆ ಎಂಬುದು ಆಗಲೇ ಎಲ್ಲರಿಗೂ ಗೊತ್ತಿತ್ತು, ಜಮೀನ್ದಾರರಿಗೂ.

'ಸ್ಟಾಟಿಸ್ಟಿಕಲ್ ಅಕೌಂಟ್' ಎಂದರೇನು? ಹೇಗೆ ಸಂಗ್ರಹಿಸಿದ?

ಸ್ಕಾಟ್‌ಲ್ಯಾಂಡಿನ ಪ್ರತಿ ಪ್ಯಾರಿಷ್‌ನ (ಒಂದು ಚರ್ಚಿನ ವ್ಯಾಪ್ತಿಗೆ ಸೇರಿದ ಪ್ರದೇಶ) ವಿವರ, 21 ಸಂಪುಟ, 1791ರಿಂದ 1799ರವರೆಗೆ ಅಚ್ಚಾದದ್ದು. 1786-87ರಲ್ಲಿ ಉತ್ತರ ಯುರೋಪ್ ಸುತ್ತಿದಾಗ ಜರ್ಮನ್ ನಾಡುಗಳಲ್ಲಿ ಇಂಥ ವಿಚಾರಣೆಗಳನ್ನು ನೋಡಿದ್ದ. ಅಲ್ಲಿ ರಾಜ್ಯದ ಬಲ ಅಳೆಯುವುದು ಗುರಿ; ತನ್ನ ಗುರಿ ಜನ ಎಷ್ಟು ಸುಖವಾಗಿದ್ದಾರೆ, ಇನ್ನೂ ಹೇಗೆ ಸುಧಾರಿಸಬಹುದು ಎಂದು ತಿಳಿಯುವುದು ಎಂದು ಬರೆದುಕೊಂಡ.

1790ರ ಮೇ ತಿಂಗಳಲ್ಲಿ 900ಕ್ಕೂ ಹೆಚ್ಚು ಪಾದ್ರಿಗಳಿಗೆ ಪತ್ರ ಹೋಯಿತು, ಜೊತೆಗೆ 160 ಪ್ರಶ್ನೆ. ಆಮೇಲೆ ಇನ್ನಷ್ಟು ಸೇರಿದವು. ಮೊದಲ 40 ನೆಲ, ಹವೆ, ಕಾಡು, ಗಣಿಯ ಬಗ್ಗೆ. 41ರಿಂದ 100ರವರೆಗೆ ಜನ: ವಯಸ್ಸು, ಕಸುಬು, ಹುಟ್ಟು ಸಾವು. 116ರವರೆಗೆ ಬೆಳೆ ಮತ್ತು ಉತ್ಪನ್ನ. ಉಳಿದದ್ದು ಕೂಲಿ, ದವಸದ ಬೆಲೆ, ಉರುವಲು, ಬಡವರ ನಿಧಿ, ಶಾಲೆ, ಹೆಂಡದಂಗಡಿ ಹೀಗೆ. ಪಾರ್ಲಿಮೆಂಟ್ ಸದಸ್ಯರಿಗೆ ಅಂಚೆ ಉಚಿತ. ಆ ಸವಲತ್ತಿಲ್ಲದೆ ಇಷ್ಟು ಪತ್ರ ಬರೆಯುವುದು ಕನಸೇ.

ಕೆಲವರು ಕೂಡಲೇ ಬರೆದರು, ಹಲವರು ಸುಮ್ಮನಿದ್ದರು. ಸುಮ್ಮನಿದ್ದವರಿಗೆ ಮತ್ತೆ ಮತ್ತೆ ಪತ್ರ. ಸಂಪುಟಗಳ ಆದಾಯವನ್ನು ಪಾದ್ರಿಗಳ ಮಕ್ಕಳ ನೆರವಿನ ಸಂಘಕ್ಕೆ ಬಿಟ್ಟುಕೊಟ್ಟ, ಆ ಸಂಘಕ್ಕೆ ರಾಜನಿಂದ 2,000 ಪೌಂಡ್ ಕೊಡಿಸಿದ. ಇಷ್ಟಾದರೂ ಕದಲದ ಪ್ಯಾರಿಷ್‌ಗಳಿಗೆ ತನ್ನದೇ ಆಳುಗಳನ್ನು ಕಳಿಸಿ ಬರೆಸಿದ.

ಆ ಅಂಕಿಗಳನ್ನು ನಂಬಬಹುದೇ?

ಒಟ್ಟು ಜನಸಂಖ್ಯೆ 15,26,492 ಎಂದು ಬಂತು. 1755ರಲ್ಲಿ ಅಲೆಕ್ಸಾಂಡರ್ ವೆಬ್‌ಸ್ಟರ್ ಲೆಕ್ಕ ಹಾಕಿದ್ದು 12,65,380. ಒಟ್ಟಾರೆ ದಿಕ್ಕು ಸರಿ, 1801ರ ಸರ್ಕಾರಿ ಗಣತಿಯಲ್ಲಿ ಹದಿನಾರು ಲಕ್ಷದ ಆಸುಪಾಸು ಬಂದಿದೆ. ಪ್ಯಾರಿಷ್ ಮಟ್ಟದಲ್ಲಿ ಮಾತ್ರ ಹುಷಾರಾಗಿರಬೇಕು. ಎಣಿಕೆ ಒಂದೇ ವರ್ಷದ್ದಲ್ಲ. ಕೆಲವು ಪಾದ್ರಿಗಳು ಮನೆಮನೆ ಎಣಿಸಿದರು, ಕೆಲವರು ಧರ್ಮಪಾಠಕ್ಕೆ ಬರುವ ವಯಸ್ಸಿನವರನ್ನು ಎಣಿಸಿ ಚಿಕ್ಕ ಮಕ್ಕಳನ್ನು ಅಂದಾಜಿನಲ್ಲಿ ಸೇರಿಸಿದರು. ಎಕರೆ ಎಂದು ಬರೆದದ್ದು ಸ್ಕಾಟ್ಸ್ ಎಕರೆಯಾಗಿದ್ದರೆ ಅದು ಇಂಗ್ಲಿಷ್ ಎಕರೆಯ ಸುಮಾರು ಒಂದೂಕಾಲು ಪಟ್ಟು. ಧಾನ್ಯದ ಬೋಲ್ ಅಳತೆ ಕೌಂಟಿಯಿಂದ ಕೌಂಟಿಗೆ ಬೇರೆ. ದನಕುರಿಯ ಸಂಖ್ಯೆ ಕಡಿಮೆಯೇ ಇರುವ ಸಂಭವ ಹೆಚ್ಚು: ಲೆಕ್ಕ ಕೊಟ್ಟರೆ ತೆರಿಗೆಯೋ ಗೇಣಿಯೋ ಏರುತ್ತದೆ ಎಂದು ರೈತರು ಹೆದರಿದ್ದರು. ಇನ್ನೊಂದು ಸೂಕ್ಷ್ಮ ಇದೆ. ಪಾದ್ರಿಯ ನೇಮಕ ಜಮೀನ್ದಾರನ ಕೈಯಲ್ಲೇ ಇರುತ್ತಿದ್ದುದು ಹೆಚ್ಚು. ಒಡೆಯನನ್ನು ಹೊಗಳುವ ಸಾಲು ಕಂಡರೆ ಅರ್ಧ ಬೆಲೆಗೆ ಕೊಳ್ಳಿ. ಬೈದ ಸಾಲು ಕಂಡರೆ ಪೂರ್ತಿ ಬೆಲೆ ಕೊಡಿ.

ಕೃಷಿ ಮಂಡಳಿಯನ್ನು ಕಟ್ಟಿ, ಅದರಿಂದಲೇ ಹೊರಬಿದ್ದದ್ದು ಹೇಗೆ?

ಬೇಸಾಯಕ್ಕೊಂದು ಮಂಡಳಿ ಬೇಕೆಂಬ ಸಿಂಕ್ಲೇರನ ಬೇಡಿಕೆಗೆ 1793ರಲ್ಲಿ ಪ್ರಧಾನಿ ಪಿಟ್ ಒಪ್ಪಿದ. ಒಪ್ಪುವುದಿಲ್ಲ ಎಂದು ಕೃಷಿ ಬರಹಗಾರ ಆರ್ಥರ್ ಯಂಗ್ ಪಂದ್ಯ ಕಟ್ಟಿದ್ದ: ಸೋತರೆ ತನ್ನ ಪತ್ರಿಕೆಯ ಸಂಪುಟಗಳು, ಗೆದ್ದರೆ ಸಿಂಕ್ಲೇರನ ಸ್ಕಾಟ್‌ಲ್ಯಾಂಡ್ ಸಂಪುಟಗಳು. ಯಂಗ್ ಸೋತ, ಮತ್ತು ವರ್ಷಕ್ಕೆ 400 ಪೌಂಡ್ ಸಂಬಳದ ಮೇಲೆ ಅದೇ ಮಂಡಳಿಯ ಕಾರ್ಯದರ್ಶಿಯಾದ. ಮಂಡಳಿಗೆ ಸರ್ಕಾರದ ಹಣ ವರ್ಷಕ್ಕೆ 3,000 ಪೌಂಡ್, ಅಧಿಕಾರ ಏನೂ ಇಲ್ಲ.

ಸಿಂಕ್ಲೇರ್ ಪ್ರತಿ ಕೌಂಟಿಗೂ ವರದಿ ಬರೆಸಿದ. ಕರಡನ್ನು ಅಗಲ ಅಂಚು ಬಿಟ್ಟು ಅಚ್ಚು ಹಾಕಿಸಿ ಆ ಕೌಂಟಿಯ ರೈತರಿಗೆ ಹಂಚುವುದು, ಅವರು ಅಂಚಿನಲ್ಲಿ ತಿದ್ದಿ ಕಳಿಸುವುದು, ಆಮೇಲೆ ಪಕ್ಕಾ ಆವೃತ್ತಿ. ಉಪಾಯ ಸೊಗಸಾಗಿತ್ತು, ಅವಸರ ಕೆಡಿಸಿತು. ಪರಿಚಯವಿಲ್ಲದ ನಾಡಿನಲ್ಲಿ ಕೆಲವೇ ವಾರ ಸುತ್ತಿ ಬರೆದ ಕರಡುಗಳಿದ್ದವು. ಅಚ್ಚಿನ ಖರ್ಚಿಗೆ ಮಂಡಳಿ ಸಾಲಕ್ಕೆ ಬಿತ್ತು. ಚರ್ಚಿನ ದಶಮಾಂಶ ತೆರಿಗೆಯನ್ನು ಟೀಕಿಸಿದ್ದರಿಂದ ಇಂಗ್ಲೆಂಡಿನ ಬಿಷಪ್ಪರು ಮುನಿದರು. ಪಿಟ್‌ಗೂ ಇವನಿಗೂ ರಾಜಕೀಯದಲ್ಲಿ ಹಳಸಿತ್ತು. 1798ರಲ್ಲಿ ಮಂಡಳಿಯ ಚುನಾವಣೆಯಲ್ಲಿ ಇವನ ಬದಲು ಲಾರ್ಡ್ ಸಾಮರ್‌ವಿಲ್ ಅಧ್ಯಕ್ಷನಾದ. 1806ರಲ್ಲಿ ಸಿಂಕ್ಲೇರ್ ಮರಳಿ ಬಂದು ಕೆಲವು ವರ್ಷ ನಡೆಸಿದ. ರಸಾಯನ ವಿಜ್ಞಾನಿ ಹಂಫ್ರಿ ಡೇವಿ ಮಣ್ಣಿನ ರಸಾಯನದ ಮೇಲೆ ಉಪನ್ಯಾಸ ಕೊಟ್ಟದ್ದು ಈ ಮಂಡಳಿಗಾಗಿಯೇ. 1822ರಲ್ಲಿ ಮಂಡಳಿ ಮುಚ್ಚಿತು.

ನಮ್ಮ ಕಡೆಗೆ ಏನಾದರೂ ನಂಟು ಇದೆಯೇ?

ಒಂದು ಇದೆ, ಕುತೂಹಲದ್ದು. 1795ರಲ್ಲಿ, ಸಿಂಕ್ಲೇರ್ ಅಧ್ಯಕ್ಷನಾಗಿದ್ದಾಗ, ದಕ್ಷಿಣ ಭಾರತದಲ್ಲಿದ್ದ ಕ್ಯಾಪ್ಟನ್ ಥಾಮಸ್ ಹಾಲ್ಕಾಟ್ ಇಲ್ಲಿನ ಸಾಲುಬಿತ್ತನೆಯ ಬಗ್ಗೆ ಬರೆದದ್ದು ಮಂಡಳಿಗೆ ತಲುಪಿ, ಮಂಡಳಿಯ ಸಂಪುಟದಲ್ಲಿ ಅಚ್ಚಾಯಿತು. ಬಿತ್ತುವ ಯಂತ್ರ ಯುರೋಪಿನ ಹೊಸ ಸೃಷ್ಟಿ ಎಂದುಕೊಂಡಿದ್ದವನು, ಇಲ್ಲಿನ ಹೊಲದಲ್ಲಿ ಅನಾದಿಯಿಂದ ಅದು ಬಳಕೆಯಲ್ಲಿರುವುದನ್ನು ಕಂಡು ಬೆರಗಾಗಿದ್ದ. ನಮ್ಮ ಕೂರಿಗೆಯೂ ಅದೇ ಜಾತಿ: ಮೇಲೆ ಬಟ್ಟಲು, ಬಿದಿರ ಕೊಳವೆ, ಕೆಳಗೆ ತಾಳು, ಹಿಂದೆ ಸಾಲು ಮುಚ್ಚಲು ಕುಂಟೆ. ಬ್ರಿಟನ್ನಿನಲ್ಲಿ ಆ ಹೊತ್ತಿಗೂ ಬಹುಪಾಲು ರೈತರು ಓಟ್ಸನ್ನು ಕೈಯಲ್ಲಿ ಎರಚಿಯೇ ಬಿತ್ತುತ್ತಿದ್ದರು.

ಫ್ರಾನ್ಸಿಸ್ ಬುಕಾನನ್ 1800-01ರಲ್ಲಿ ಮೈಸೂರು, ಕೆನರಾ, ಮಲಬಾರ್ ಸುತ್ತಿ ಬೆಳೆ, ಕೂಲಿ, ಗೇಣಿ, ಉಪಕರಣಗಳನ್ನು ಊರೂರಾಗಿ ಬರೆದದ್ದು ಬಹಳ ಜನಕ್ಕೆ ಗೊತ್ತು. ಆತನೂ ಸ್ಕಾಟ್ಲೆಂಡಿನ ಪರ್ತ್‌ಶೈರ್‌ನವನು. ಕೇಳಿದ ಪ್ರಶ್ನೆಗಳಲ್ಲಿ ಹೋಲಿಕೆ ಇದೆ, ಆದರೆ ಅವನನ್ನು ಕಳಿಸಿದ್ದು ಗವರ್ನರ್ ಜನರಲ್ ವೆಲ್ಲೆಸ್ಲಿ. ಸಿಂಕ್ಲೇರ್‌ಗೂ ಆ ಪ್ರವಾಸಕ್ಕೂ ನೇರ ಸಂಬಂಧ ಕಟ್ಟಬೇಡಿ.

ಇಷ್ಟೆಲ್ಲ ಮಾಡಿ ದುಡ್ಡು ಮಾಡಿದನೇ?

ಇಲ್ಲ. ಥರ್ಸೋದಲ್ಲಿ ಹೊಸ ಬಡಾವಣೆ, ಹಾಲ್‌ಕಿರ್ಕ್‌ನಲ್ಲಿ ನೇರ ಬೀದಿಗಳ ಹೊಸ ಹಳ್ಳಿ, ರಸ್ತೆ, ಕುರಿ, ಅಂಚೆ, ಅಚ್ಚು, 1794ರಲ್ಲಿ ಕಟ್ಟಿದ ಸೈನ್ಯದ ತುಕಡಿ. ಒಂದು ಮುಗಿಯುವ ಮುಂಚೆ ಇನ್ನೊಂದು ಶುರು. ಸಾಲ ಏರುತ್ತಲೇ ಹೋಯಿತು. 1811ರಲ್ಲಿ ಪಾರ್ಲಿಮೆಂಟ್ ಬಿಟ್ಟು ಸ್ಕಾಟ್‌ಲ್ಯಾಂಡಿನ ಅಬಕಾರಿ ಇಲಾಖೆಯ ಹುದ್ದೆ ಹಿಡಿದದ್ದು ವರ್ಷದ 2,000 ಪೌಂಡ್ ಸಂಬಳಕ್ಕಾಗಿ. ಲ್ಯಾಂಗ್‌ವೆಲ್ ಜಮೀನು ಮಾರಾಟವಾಯಿತು. ಬರೆಯುವುದನ್ನು ಮಾತ್ರ ನಿಲ್ಲಿಸಲಿಲ್ಲ, 1817ರಲ್ಲಿ ಕೃಷಿಯ ಇಡೀ ಜ್ಞಾನವನ್ನು ಒಂದು ಸಂಹಿತೆಯಾಗಿ ಹಿಡಿದಿಡಲು ನೋಡಿದ. ಹತ್ತು ವರ್ಷ ಮುಂಚೆ ಆರೋಗ್ಯ ಮತ್ತು ದೀರ್ಘಾಯುಷ್ಯಕ್ಕೂ ನಾಲ್ಕು ಸಂಪುಟದ ಸಂಹಿತೆ ಬರೆದಿದ್ದ!

ಜಾರ್ಜ್ ವಾಷಿಂಗ್ಟನ್ ಜೊತೆ ಪತ್ರವ್ಯವಹಾರ ಇತ್ತೇ?

ಇತ್ತು, ಹೆಚ್ಚಾಗಿ ಬೇಸಾಯದ ಬಗ್ಗೆಯೇ. ವಾಷಿಂಗ್ಟನ್ ತೀರಿಕೊಂಡ ಮರುವರ್ಷ, 1800ರಲ್ಲಿ, ಆ ಪತ್ರಗಳನ್ನು ಸಿಂಕ್ಲೇರ್ ಅಚ್ಚು ಹಾಕಿಸಿದ.

ಈಗ ನೋಡಲು, ಓದಲು ಏನು ಸಿಗುತ್ತದೆ?

ಥರ್ಸೋದ ನಡುಪೇಟೆಯ ಸರ್ ಜಾನ್ಸ್ ಸ್ಕ್ವೇರ್‌ನಲ್ಲಿ ಪ್ರತಿಮೆ ಇದೆ. ಊರಾಚೆ ಕಾಣುವ ಪಾಳು ಕೋಟೆಮನೆ ಅವನು ಹುಟ್ಟಿದ್ದಲ್ಲ, 19ನೇ ಶತಮಾನದಲ್ಲಿ ವಂಶಸ್ಥರು ಅದೇ ಜಾಗದಲ್ಲಿ ಮತ್ತೆ ಕಟ್ಟಿದ್ದು. ರೇಬರ್ನ್ ಬರೆದ, ಟಾರ್ಟನ್ ಷರಾಯಿ ತೊಟ್ಟ ಆಳೆತ್ತರದ ಚಿತ್ರ ಎಡಿನ್‌ಬರೋದ ರಾಷ್ಟ್ರೀಯ ಗ್ಯಾಲರಿಯದು. ಎಡಿನ್‌ಬರೋದ ಜಾರ್ಜ್ ಸ್ಟ್ರೀಟ್ 133ನೇ ನಂಬರು ಅವನ ಮನೆ. ಮಕ್ಕಳೆಲ್ಲ ಆರಡಿ ಎತ್ತರದವರಾದ್ದರಿಂದ ಮನೆಮುಂದಿನ ಕಾಲುದಾರಿಗೆ ಊರವರು 'ದೈತ್ಯರ ದಾರಿ' ಎನ್ನುತ್ತಿದ್ದರು. ಬ್ಯಾಡ್‌ಬೇಗೆ ಹೆಲ್ಮ್ಸ್‌ಡೇಲ್ ಮತ್ತು ಬೆರಿಡೇಲ್ ನಡುವೆ ಎ9 ಹೆದ್ದಾರಿಯ ಪಕ್ಕದ ನಿಲುಗಡೆಯಿಂದ ಸ್ವಲ್ಪ ದೂರ ನಡೆದರೆ ಸಾಕು. ಮೊಣಕಾಲೆತ್ತರದ ಕಲ್ಲುಗೋಡೆಗಳು, ಸ್ಮಾರಕ, ಕೆಳಗೆ ಕಡಲು. ಗಾಳಿ ಜೋರಿದ್ದ ದಿನ ಅಂಚಿಗೆ ಹೋಗಬೇಡಿ.

21 ಸಂಪುಟಗಳು ಎಡಿನ್‌ಬರೋ ಮತ್ತು ಗ್ಲಾಸ್ಗೋ ವಿಶ್ವವಿದ್ಯಾಲಯಗಳ ಜಾಲತಾಣದಲ್ಲಿ ಓದಲು ಸಿಗುತ್ತವೆ. ಹುಡುಕುವವರು ಒಂದು ವಿಷಯ ನೆನಪಿಡಿ: ಉತ್ತರಗಳು ಬಂದು ಸೇರಿದ ಹಾಗೆ ಅಚ್ಚಾದ ಕಾರಣ ಅಕ್ಕಪಕ್ಕದ ಪ್ಯಾರಿಷ್‌ಗಳು ಬೇರೆ ಬೇರೆ ಸಂಪುಟದಲ್ಲಿರುತ್ತವೆ. ಕೌಂಟಿಯ ಪ್ರಕಾರ ಜೋಡಿಸಿದ್ದು 20ನೇ ಶತಮಾನದ ಮರುಮುದ್ರಣದಲ್ಲಿ ಮಾತ್ರ. ಹೆಸರಿನ ಕಾಗುಣಿತವೂ ಆಗ ಬೇರೆ, ಮೊದಲು ಕೌಂಟಿ ಹಿಡಿದು ಆಮೇಲೆ ಪ್ಯಾರಿಷ್‌ಗೆ ಇಳಿದರೆ ಬೇಗ ಸಿಗುತ್ತದೆ.